ಕೆ.ಆರ್. ನಗರದಲ್ಲಿ ಓಡಿದ ಚೀನಾದ ಹಮಾಲಿಗಳು

ಪರದೆಯನ್ನು ಗಾಳಿಗೆ ಎದುರಾಗಿ ಕಟ್ಟಬೇಡಿ. ಪ್ರಚಾರ ವ್ಯಾನಿನಲ್ಲಿ ಮೂವತ್ತನಾಲ್ಕು ವರ್ಷ ಪ್ರೊಜೆಕ್ಟರ್ ಆಪರೇಟರ್ ಆಗಿದ್ದು ನಾನು ಕಲಿತ ಮೊದಲ ಪಾಠ ಇದು. ಈಗ ಕೆಲಸಕ್ಕೆ ಸೇರುತ್ತಿರುವ ನಿಮಗೆ ಪರದೆಯೇ ಇಲ್ಲ. ವ್ಯಾನಿನ ಮಗ್ಗುಲಲ್ಲೇ ಎಲ್‌ಇಡಿ ಗೋಡೆ ಇದೆ, ಗುಂಡಿ ಒತ್ತಿದರೆ ಹಾಡುತ್ತದೆ, ಇನ್ನೊಮ್ಮೆ ಒತ್ತಿದರೆ ಸುಮ್ಮನಾಗುತ್ತದೆ. ಆದರೂ ಹೋದ ತಿಂಗಳು ಹೊಸ ಆಪರೇಟರ್ ಕಾವ್ಯ ಹುಣಸೂರಿನ ನಮ್ಮ ಮನೆಗೆ ಬಂದು, "ಸಾರ್, ನಿಮ್ ಕಾಲ್ದಲ್ಲಿ ಕೆಲ್ಸ ಹೆಂಗಿತ್ತು ಅಂತ ಒಂದ್ ನಾಕ್ ಪುಟ ಬರ್ಕೊಡಿ. ಟ್ರೈನಿಂಗಲ್ಲಿ ಎಲ್ರಿಗೂ ಓದಿ ಹೇಳ್ತೀವಿ" ಅಂದಳು. ನನಗೆ ಸಿಕ್ಕ ಬಡ್ತಿಗಳನ್ನು ಬರೆದರೆ ಮೂರೂಮುಕ್ಕಾಲು ಪುಟ ಖಾಲಿ ಉಳಿಯುತ್ತದೆ. ಹಾಗಾಗಿ ತಪ್ಪುಗಳನ್ನು ಬರೆಯುತ್ತಿದ್ದೇನೆ. ಅವಕ್ಕೆ ನನ್ನಲ್ಲಿ ಬರ ಇಲ್ಲ.

ನನಗೆ ಕೆಲಸ ಕಲಿಸಿದವರು ಗೋವಿಂದಯ್ಯ ಎಂಬ ಹಳೇ ಆಪರೇಟರ್. ಮೂರೇ ದಿನ ಕಲಿಸಿ, ಮೂರನೇ ದಿನ ಮಧ್ಯಾಹ್ನ ನಿವೃತ್ತರಾಗಿ ಹೊರಟುಹೋದರು. ರೀಲು ಹೇಗೆ ಏರಿಸಬೇಕು, ತುಂಡಾದರೆ ಹೇಗೆ ಅಂಟಿಸಬೇಕು, ಬಲ್ಬು ಸುಟ್ಟರೆ ಯಾರನ್ನು ಬೈಯಬೇಕು, ಎಲ್ಲ ಹೇಳಿದರು. ಪ್ರೊಜೆಕ್ಟರಿನ ಹಿಂಬದಿಯಲ್ಲಿ ಒಂದು ಪುಟ್ಟ ಸ್ವಿಚ್ಚಿಗೆ ಕಪ್ಪು ವೈರ್ ಟೇಪನ್ನು ಮೂರು ಸುತ್ತು ಅಂಟಿಸಿದ್ದರು. "ಇದೇನು ಸಾರ್?" ಅಂದೆ.

"ಅದನ್ನ ಮಾತ್ರ ಮುಟ್ಬೇಡ ಕಣಪ್ಪ. ಒಂದ್ಸಲ ಗೊತ್ತಿಲ್ದೆ ತಿರುಗಿಸ್ಬುಟ್ಟೆ. ಪರದೆ ಮೇಲೆ ಮಂತ್ರಿಗಳು ಭಾಷಣ ಮಾಡ್ತಾ ಇದ್ರು. ಅವ್ರ ಗಂಟ್ಲು ಎಮ್ಮೆ ಗಂಟ್ಲಾಗೋಯ್ತು. ಜನ ನಕ್ಕಿದ್ದಕ್ಕೆ ನಂಗೆ ಮೆಮೊ ಕೊಟ್ರು" ಅಂದರು.

ಆ ಟೇಪನ್ನು ನಾನು ದೇವರ ಕೈಗೆ ಕಟ್ಟಿದ ಕಂಕಣದಷ್ಟು ಭಕ್ತಿಯಿಂದ ಕಾಪಾಡಿದೆ. ಅದೇ ನನ್ನ ಮೂರ್ಖತನ ಅಂತ ಆಮೇಲೆ ಗೊತ್ತಾಯಿತು.

ಗಾಳಿಯ ಪಾಠ ಕಲಿತದ್ದು ವೀರನಹೊಸಹಳ್ಳಿಯಲ್ಲಿ. ಚಿಕ್ಕ ಸಂಸಾರದ ಬಗ್ಗೆ ಒಂದು ಚಿತ್ರ. ಬಿಳಿ ಕೋಟಿನ ಡಾಕ್ಟರಮ್ಮ ಪರದೆ ತುಂಬ ನಿಂತು, ಎರಡು ಮಕ್ಕಳು ಸಾಕು ಅಂತ ಬುದ್ಧಿ ಹೇಳುತ್ತಾರೆ. ಕಾಡಿನ ಕಡೆಯಿಂದ ಗಾಳಿ ಎದ್ದಿತು. ಪರದೆ ಉಬ್ಬಿತು. ಉಬ್ಬಿದ್ದು ಎಲ್ಲಿ ಅಂದರೆ ಸರಿಯಾಗಿ ಡಾಕ್ಟರಮ್ಮನ ಹೊಟ್ಟೆಯ ಹತ್ತಿರ. ಆಕೆ "ಎರಡೇ ಸಾಕು" ಅಂದಾಗಲೆಲ್ಲ ಹೊಟ್ಟೆ ಏಳುವುದು, ಇಳಿಯುವುದು. ಮುಂದೆ ಕೂತಿದ್ದ ಒಬ್ಬ ಅಜ್ಜಿ ಎಲೆಯಡಿಕೆ ಉಗಿದು, "ಇವ್ಳ್ಗೇ ಇದು ಎಷ್ಟ್ನೇದೋ ಕಾಣೆ, ನಮ್ಗ್ ಬುದ್ಧಿ ಯೋಳಾಕ್ ಬಂದವ್ಳೆ" ಅಂದರು. ಅಲ್ಲಿಗೆ ಅಂದಿನ ಪ್ರಚಾರ ಮುಗಿಯಿತು.

ಎರಡನೆಯ ಪಾಠ ಎಚ್.ಡಿ. ಕೋಟೆ ತಾಲ್ಲೂಕಿನ ಹಂಪಾಪುರದ್ದು. ಕಬ್ಬಿಣದ ನೇಗಿಲಿನ ಬಗ್ಗೆ ಇಪ್ಪತ್ತು ನಿಮಿಷದ ಚಿತ್ರ. ಜನ ಉಸಿರು ಬಿಗಿಹಿಡಿದು ನೋಡಿದರು. ನಮ್ಮ ಸಾಹೇಬರಿಗೆ ಖುಷಿಯೋ ಖುಷಿ. ಸಾಹೇಬರೆಂದರೆ ನಮ್ಮ ಕ್ಷೇತ್ರ ಪ್ರಚಾರದ ಅಧಿಕಾರಿ. ಒಳ್ಳೆಯ ಮನುಷ್ಯ, ಆದರೆ ಮೈಕು ಕಂಡರೆ ಮೈಮೇಲೆ ಬರುತ್ತಿತ್ತು. ಅವರು ಮೈಕು ಹಿಡಿದು, "ಈ ಚಿತ್ರದಿಂದ ಏನು ತಿಳಿದುಕೊಂಡಿರಿ? ಯಾರಾದರೂ ಹೇಳಿ" ಎಂದರು.

ಹಿಂದಿನ ಸಾಲಿನಿಂದ ಒಬ್ಬರು ಎದ್ದರು. "ಬಲಗಡೆ ಎತ್ತು ಹಿಂಗಾಲ್ನ ಎಳ್ದ್ ಎಳ್ದ್ ಹಾಕ್ತದೆ ಸಾ. ಗೊರ್ಸಲ್ಲಿ ಮುಳ್ಳು ಮುರ್ದದೆ. ಅದ್ನ ಯಾರಾನಾ ನೋಡುದ್ರಾ?"

"ನೇಗಿಲು, ನೇಗಿಲಿನ ಬಗ್ಗೆ ಹೇಳಿ" ಎಂದರು ಸಾಹೇಬರು.

"ನೇಗ್ಲು ಇರ್ಲಿ ಬುಡಿ ಸಾ. ಆ ಎತ್ತು ಈಗೆಂಗದೆ?"

ಇಡೀ ಊರು ಸಾಹೇಬರ ಉತ್ತರಕ್ಕೆ ಕಾಯುತ್ತಿತ್ತು. ಆ ಎತ್ತು ಸತ್ತು ಯಾವ ಕಾಲವಾಗಿತ್ತೋ. ಸಾಹೇಬರು "ಚೆನ್ನಾಗಿದೆ" ಎಂದರು. ಜನ ನೆಮ್ಮದಿಯಿಂದ ಮನೆಗೆ ಹೋದರು. ಸಾಹೇಬರು ವರದಿಯಲ್ಲಿ "ರೈತರು ಅಪಾರ ಆಸಕ್ತಿಯಿಂದ ವೀಕ್ಷಿಸಿದರು" ಎಂದು ಬರೆದುಕೊಂಡರು. ಸುಳ್ಳೇನೂ ಅಲ್ಲ. ನಮ್ಮ ಜನ ನಾವು ತೋರಿಸಿದ್ದನ್ನು ನೋಡುವುದಿಲ್ಲ, ತಮಗೆ ಗೊತ್ತಿರುವುದನ್ನು ನೋಡುತ್ತಾರೆ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ನಾನು ಸೇರಿದ ಎರಡನೇ ವರ್ಷ. ಪ್ರೊಬೇಷನ್ ಮುಗಿಯಲು ಇನ್ನು ಎರಡೇ ತಿಂಗಳು. ಸಾಹೇಬರು "ಕೆಲಸ ತೃಪ್ತಿಕರ" ಎಂದು ಒಂದು ಸಾಲು ಬರೆದು ಸಹಿ ಹಾಕಿದರೆ ಕೆಲಸ ಕಾಯಂ. ಅಷ್ಟರಲ್ಲಿ ಕೆ.ಆರ್. ನಗರದಲ್ಲಿ "ಶ್ರಮದ ಮಹತ್ವ" ಅಂತ ಒಂದು ಕಾರ್ಯಕ್ರಮ ಬಂತು. ಒಂದು ರೈಸ್ ಮಿಲ್ಲಿನ ಅಂಗಳದಲ್ಲಿ, ಹಮಾಲಿಗಳಿಗೋಸ್ಕರ. ಶ್ರಮದ ಮೇಲೆ ನಮ್ಮ ಹತ್ತಿರ ಚಿತ್ರವೇ ಇರಲಿಲ್ಲ. ಬೀರು ಹುಡುಕಿದಾಗ ತುಕ್ಕು ಹಿಡಿದ ಒಂದು ಡಬ್ಬಿ ಸಿಕ್ಕಿತು. ಯಾವ ಪುಣ್ಯಾತ್ಮ ಯಾವ ಕಾಲದಲ್ಲಿ ತರಿಸಿದ್ದನೋ ಗೊತ್ತಿಲ್ಲ. ಮೇಲೆ ಇಂಗ್ಲಿಷಿನಲ್ಲಿ ಬರೆದಿತ್ತು: ಚೀನಾದ ಬಂದರಿನಲ್ಲಿ ಹಡಗಿನ ಸರಕು ಇಳಿಸುವ ಕೂಲಿಗಳು, ಮೂಕಿ ಚಿತ್ರ, ಒಂದು ರೀಲು.

"ಇದೇ ಹಾಕು" ಎಂದರು ಸಾಹೇಬರು. "ಮಾತಿಲ್ಲದಿದ್ದರೆ ಏನಂತೆ, ನಾನಿದ್ದೇನಲ್ಲ."

ಮೊದಲೇ ಒಮ್ಮೆ ಹಾಕಿ ನೋಡಲು ಪುರುಸೊತ್ತಿರಲಿಲ್ಲ. ಸಂಜೆ ಏಳಕ್ಕೆ ಪರದೆ ಕಟ್ಟಿ, ರೀಲು ಏರಿಸಿ, ಮೋಟಾರು ಹಾಕಿದೆ.

ಅಬ್ಬಾ! ಪರದೆಯ ಮೇಲೆ ದೊಡ್ಡ ಹೊಗೆ ಹಡಗು, ಅದರಿಂದ ದಡಕ್ಕೆ ಇಳಿಬಿಟ್ಟ ಉದ್ದನೆಯ ಹಲಗೆ. ಹಲಗೆಯ ಮೇಲೆ ಚೀನಾದ ಹಮಾಲಿಗಳು ಹೆಗಲಿಗೆ ಮೂಟೆ ಹೊತ್ತು ಪಟಪಟಪಟನೆ ಓಡುತ್ತಿದ್ದಾರೆ. ಒಬ್ಬರ ಹಿಂದೆ ಒಬ್ಬರು, ಗೂಡಿಗೆ ನೀರು ಬಿದ್ದ ಇರುವೆಗಳ ಹಾಗೆ. ಕೆಲವರು ಹೆಗಲ ಮೇಲೆ ಬಿದಿರಿನ ಅಡ್ಡೆ ಇಟ್ಟು, ಎರಡು ಕಡೆ ಭಾರ ತೂಗಿಬಿಟ್ಟು ಓಡುತ್ತಿದ್ದರು. "ಲೇ, ಅದು ಅಡ್ಡೆ ಕಣ್ಲಾ! ನಮ್ಮಪ್ಪ ಒರ್ತಿದ್ದ" ಎಂದು ಯಾರೋ ಕೂಗಿದರು. ದಡದಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದ ಒಬ್ಬ ದಪ್ಪನೆಯ ದಣಿ ಬೀಸಣಿಗೆ ಬೀಸಿಕೊಳ್ಳುತ್ತಿದ್ದ. ಅವನ ಕೈಯೂ ಪಟಪಟಪಟ. ಸಾಹೇಬರಿಗೆ ಮೈಮೇಲೆ ಬಂತು. "ನೋಡಿ! ಎಂಥ ವೇಗ! ಇದಪ್ಪ ಶ್ರಮ! ಇವರಿಗೆ ಸುಸ್ತು ಅನ್ನುವ ಪದವೇ ಗೊತ್ತಿಲ್ಲ!" ಎಂದು ಮೈಕಿನಲ್ಲಿ ಅರಚಿದರು. ಹಮಾಲಿಗಳು ಹೊಟ್ಟೆ ಹಿಡಿದು ನಕ್ಕರು. ನಗದೆ ಕೂತಿದ್ದವರು ಒಬ್ಬರೇ, ಮಿಲ್ಲಿನ ಯಜಮಾನರಾದ ಮಾದಪ್ಪನವರು. ಅವರು ತಮ್ಮ ತಾಳೆಗರಿಯ ಬೀಸಣಿಗೆಯನ್ನು ತೊಡೆಯ ಮೇಲಿಟ್ಟು, ಕಣ್ಣು ಕಿರಿದು ಮಾಡಿ, ಪರದೆಯನ್ನೇ ನೋಡುತ್ತಿದ್ದರು.

ಒಂದು ವಾರ ಕಳೆದು ಆ ದಾರಿಯಲ್ಲಿ ಹೋಗುವಾಗ, ಟೀ ಅಂಗಡಿಯ ಮುಂದೆ ಒಬ್ಬರು ಕೈ ಅಡ್ಡ ಹಾಕಿ ವ್ಯಾನು ನಿಲ್ಲಿಸಿದರು. ಆ ಮಿಲ್ಲಿನ ಹಮಾಲಿಗಳ ಮೇಸ್ತ್ರಿ ಜವರಯ್ಯ. ಐವತ್ತು ದಾಟಿದ ಗಟ್ಟಿ ಆಳು, ಆದರೆ ಎಡಗಾಲು ಸ್ವಲ್ಪ ಎಳೆಯುತ್ತಿತ್ತು.

"ನಿಮ್ ಚೀನಾದವ್ರು ನಮ್ ಅನ್ನುಕ್ಕೆ ಕಲ್ಲಾಕುದ್ರು ಕಣ್ ಸ್ವಾಮಿ" ಅಂದರು.

"ಏನಾಯ್ತು ಜವರಯ್ಯ?"

"ಊಟುದ್ ಒತ್ಗೆ ಒಂದ್ ಲೋಡ್ ಇಳುಸ್ತಿದ್ದೋ. ಈಗ ಎರ್ಡ್ ಇಳುಸ್ಬೇಕಂತೆ. ಯಜಮಾನ್ರು ಮಾತೆತ್ತುದ್ರೆ 'ಚೀನಾದವ್ರು ನೋಡ್ಲಿಲ್ವಾ' ಅಂತಾರೆ. ಆಗ್ದೇ ಇದ್ದೋರು ಸೋಮಾರದಿಂದ ಬರದೇ ಬ್ಯಾಡ ಅಂದವ್ರೆ. ಮೊದ್ಲು ನನ್ನೇ ನೋಡ್ಕಂಡ್ ಯೋಳುದ್ರು. ಈ ಮಂಡಿ ಇಟ್ಕಂಡು ಓಡಾಕ್ ಆದದಾ?"

ಡ್ರೈವರ್ ನಿಂಗಣ್ಣ ಸ್ಟೇರಿಂಗಿನ ಮೇಲೆ ಗಲ್ಲ ಇಟ್ಟು, "ಅವ್ರು ಏನ್ ತಿಂತಾರೋ ಏನೋ ಕಣಪ್ಪ" ಅಂದ.

"ಅದ್ನೇ ನಾನೂ ಕೇಳವಾಂತಿದ್ದೆ" ಎಂದರು ಜವರಯ್ಯ. "ಮುದ್ದೆ ಅಂತೂ ಅಲ್ಲ. ಆದ್ರೆ ಸ್ವಾಮಿ, ಇನ್ನೊಂದ್ ಮಾತು. ಮನ್ಸ ಓಡ್ತಾನೆ, ಒಪ್ಕಂತೀನಿ. ಒಟ್ಟೆಪಾಡು, ಓಡುಸ್ತದೆ. ಆ ಹಡಗಿನ ಹೊಗೆ ಯಾಕ್ ಸ್ವಾಮಿ ಅಂಗ್ ಓಡ್ತಿತ್ತು? ಹೊಗೆಗೇನ್ ಯಜಮಾನ ಇದ್ದಾನಾ?"

ಹುಣಸೂರು ತಲುಪುವವರೆಗೂ ಆ ಮಾತು ನನ್ನ ತಲೆಯಲ್ಲಿ ಗುಂಯ್ ಅನ್ನುತ್ತಿತ್ತು. ಹೊಗೆ ಓಡಿತ್ತು. ಬೀಸಣಿಗೆ ಓಡಿತ್ತು. ಬಂದರಿನ ಬಾವುಟವೂ ಓಡಿತ್ತು. ಕಚೇರಿಗೆ ಬಂದವನೇ ಪ್ರೊಜೆಕ್ಟರ್ ಪೆಟ್ಟಿಗೆಯ ತಳದಲ್ಲಿ ಜಿರಳೆ ತಿಂದು ಬಿಟ್ಟಿದ್ದ ಕೈಪಿಡಿ ತೆಗೆದು, ಡಿಕ್ಷನರಿ ಪಕ್ಕದಲ್ಲಿಟ್ಟುಕೊಂಡು ಓದಿದೆ. ಹಳೆಯ ಮೂಕಿ ಚಿತ್ರಗಳನ್ನು ಕೈಯಲ್ಲಿ ಹಿಡಿಕೆ ತಿರುಗಿಸಿ ತೆಗೆಯುತ್ತಿದ್ದರಂತೆ. ಸೆಕೆಂಡಿಗೆ ಹದಿನಾರೋ ಹದಿನೆಂಟೋ ಚಿತ್ರ ಬೀಳುತ್ತಿತ್ತು. ಮಾತಿನ ಚಿತ್ರಕ್ಕೆ ಇಪ್ಪತ್ತನಾಲ್ಕು ಬೇಕು. ಮೂಕಿಯನ್ನು ಮಾತಿನ ವೇಗದಲ್ಲಿ ಓಡಿಸಿದರೆ ಪರದೆಯ ಮೇಲೆ ನಡೆಯುವವನೂ ಓಡುತ್ತಾನೆ. ಅದಕ್ಕಾಗಿಯೇ ಹಿಂಬದಿಯಲ್ಲಿ ಒಂದು ಸ್ವಿಚ್ಚು ಕೊಟ್ಟಿದ್ದಾರೆ.

ಗೋವಿಂದಯ್ಯನವರ ಟೇಪನ್ನು ಬ್ಲೇಡಿನಲ್ಲಿ ಕೊಯ್ದೆ. ಸ್ವಿಚ್ಚು ತಿರುಗಿಸಿ, ಕಚೇರಿಯ ಗೋಡೆಯ ಮೇಲೆ ರೀಲು ಬಿಟ್ಟೆ. ನಿಂಗಣ್ಣ ಬಾಗಿಲು ಹಾಕಿದ. ಚೀನಾದ ಹಮಾಲಿಗಳು ನಡೆಯುತ್ತಿದ್ದರು. ಬೆನ್ನು ಬಗ್ಗಿಸಿಕೊಂಡು, ಒಂದೊಂದೇ ಹೆಜ್ಜೆ ಇಟ್ಟು, ಕೆ.ಆರ್. ನಗರದ ಹಮಾಲಿಗಳು ನಡೆಯುವ ಹಾಗೆಯೇ ನಡೆಯುತ್ತಿದ್ದರು. ನನಗೆ ಅಳುವೇ ಬಂತು. ನಾಚಿಕೆಗೂ ಬಂತು, ಹೆದರಿಕೆಗೂ ಬಂತು.

ಮಾರನೆಯ ದಿನ ಸಾಹೇಬರ ಮುಂದೆ ನಿಂತು ಎಲ್ಲವನ್ನೂ ಒಪ್ಪಿಕೊಂಡೆ. ಅವರು ಕನ್ನಡಕ ತೆಗೆದು ಒರೆಸಿದರು, ಹಾಕಿಕೊಂಡರು, ಮತ್ತೆ ತೆಗೆದರು.

"ವರದಿ ಹೋಗಿಯಾಯಿತಲ್ಲಯ್ಯ ಸಿದ್ದರಾಜು. ಅವರು ಓಡಿದರು ಅಂತ ಬರೆದು ಕಳಿಸಿದ್ದೇನೆ. ಈಗ ನಡೆದರು ಅಂತ ಹೇಗೆ ಬರೆಯಲಿ?"

"ಒಂದು ತಿದ್ದುಪಡಿ ಕಳಿಸಿದರೆ ಸಾರ್..."

"ಕಳಿಸಬಹುದು. ಯಾರ ತಪ್ಪಿನಿಂದ ಓಡಿದರು ಅಂತ ಕೇಳುತ್ತಾರೆ. ನಿನ್ನ ಹೆಸರು ಬರೆಯಬೇಕಾಗುತ್ತದೆ. ಪ್ರೊಬೇಷನ್ ಎಷ್ಟು ದಿನ ಇದೆ ನಿನ್ನದು?"

ನಾನು ಹೇಳಿದೆ.

"ಹಾಗಾದರೆ ಅವರು ಓಡಿದ್ದೇ ಸರಿ. ಶನಿವಾರ ಪಿರಿಯಾಪಟ್ಟಣದ ಕಾರ್ಯಕ್ರಮ ನೋಡಿಕೋ, ಹೋಗು."

ಶನಿವಾರ. ಜವರಯ್ಯನ ಕೆಲಸಕ್ಕೆ ಉಳಿದದ್ದು ಅದೊಂದು ದಿನ, ಭಾನುವಾರ ಮಿಲ್ಲಿಗೆ ರಜ. ಬೆಳಗ್ಗೆ ವ್ಯಾನು ಹೊರಟಿತು. ಪಿರಿಯಾಪಟ್ಟಣಕ್ಕೆ ತಿರುಗಬೇಕಾದ ಕಡೆ ನಿಂಗಣ್ಣ ತಿರುಗಿಸಲೇ ಇಲ್ಲ. ನಾನು ಕೇಳಲೂ ಇಲ್ಲ. ಸ್ವಲ್ಪ ದೂರ ಹೋದ ಮೇಲೆ ಅವನೇ, "ರೇಡಿಯೇಟ್ರಿಗೆ ಕೆ.ಆರ್. ನಗರದ್ ನೀರೇ ಆಗೋದು ಕಣಪ್ಪ, ಏನ್ ಮಾಡೋದು" ಅಂದ. ಕೊಂಕಣ ಸುತ್ತಿ ಮೈಲಾರಕ್ಕೆ ಹೋಗುವುದು ಅಂದರೆ ಇದೇ.

ಮಾದಪ್ಪನವರು ನಮ್ಮನ್ನು ಕಂಡು ಹಿಗ್ಗಿದರು. "ಇನ್ನೊಂದ್ಸಲ ತೋರುಸ್ತೀರಾ? ಬನ್ನಿ ಬನ್ನಿ. ಈ ಸೋಂಬೇರಿಗಳ್ಗೆ ದಿನಾ ತೋರುಸ್ಬೇಕು." ಗೋಡೌನಿನ ಬಾಗಿಲು ಹಾಕಿಸಿದೆವು. ಹಾಡಹಗಲೇ ಒಳಗೆ ಕತ್ತಲೆಯಾಯಿತು. ಭತ್ತದ ಮೂಟೆಗಳ ಮೇಲೆ ಹಮಾಲಿಗಳು ಸಾಲಾಗಿ ಕೂತರು. ಈ ಸಲ ಯಾರ ಮುಖದಲ್ಲೂ ನಗು ಇರಲಿಲ್ಲ. ಯಜಮಾನರು ಕುರ್ಚಿ ಹಾಕಿಸಿಕೊಂಡು ಬೀಸಣಿಗೆ ಹಿಡಿದರು.

ರೀಲು ಬಿಟ್ಟೆ. ಸ್ವಿಚ್ಚು ಸರಿಯಾದ ಕಡೆ ಇತ್ತು.

ಹೊಗೆ ಮೆಲ್ಲಗೆ ಎದ್ದಿತು. ಮೊದಲ ಹಮಾಲಿ ಹಲಗೆಯ ಮೇಲೆ ಕಾಲಿಟ್ಟ. ಹಲಗೆ ಬಾಗಿತು. ಅವನು ಒಂದು ಕ್ಷಣ ನಿಂತು, ಹಲಗೆ ತೂಗುವುದು ನಿಂತ ಮೇಲೆ ಮುಂದಿನ ಹೆಜ್ಜೆ ಇಟ್ಟ. ಎರಡನೆಯವನು ಬಂದ. ಮೂರನೆಯವನು ಬಂದ.

"ನಿಲ್ಲಿ ನಿಲ್ಲಿ" ಅಂತ ಎದ್ದುನಿಂತರು ಜವರಯ್ಯ. "ಮೂರ್ನೇಯವ್ನ್ ನೋಡ್ರುಲಾ. ಎಡಗಾಲ್ನ ಅಡ್ಡಡ್ಡ ಇಡ್ತಾನೆ. ಮಂಡಿ ಓಗ್ಬುಟ್ಟದೆ ಅವ್ನ್ದು. ನೆಟ್ಟುಗ್ ಇಟ್ರೆ ಮಡಚ್ಕಂತದೆ, ಅದ್ಕೇ ಅಂಗಿಡ್ತಾನೆ. ನಂಗೊತ್ತಿಲ್ವಾ?"

ಯಜಮಾನರು ಬೀಸಣಿಗೆ ನಿಲ್ಲಿಸಿದರು. "ಏನ್ರೀ ಆಪ್ರೇಟ್ರೇ, ಇದ್ಯಾವ್ದ್ರೀ ಈ ಸಿನಿಮಾ? ಅವತ್ತಿಂದಲ್ಲ ಇದು."

"ಅದೇ ರೀಲು ಯಜಮಾನ್ರೇ. ಅವತ್ತು ನಾನು ಜೋರಾಗಿ ಓಡಿಸಿಬಿಟ್ಟಿದ್ದೆ. ತಪ್ಪು ನನ್ನದು" ಎಂದು ಸ್ವಿಚ್ಚಿನ ಕಥೆ ಹೇಳಿದೆ.

ಅವರು ಒಪ್ಪಲಿಲ್ಲ. ಸುಲಭಕ್ಕೆ ಒಪ್ಪುವವರಾಗಿದ್ದರೆ ಅವರು ಮಿಲ್ ಕಟ್ಟುತ್ತಿರಲಿಲ್ಲ. "ಅವತ್ ಜೋರಾಗ್ ಓಡುಸ್ದೆ ಅಂತೀರಿ. ಇವತ್ ಬೇಕಂತ್ಲೇ ನಿಧಾನ ಮಾಡಿಲ್ಲ ಅಂತ ನಾನೆಂಗ್ರೀ ನಂಬ್ಲಿ? ಇವ್ರು ನಿಮ್ಗೆ ಟೀ ಕುಡ್ಸಿರ್ಬೋದು."

ಅಂದು ಅಂಗಡಿಯ ಮುಂದೆ ಜವರಯ್ಯ ಟೀ ಕುಡಿಸಿದ್ದು ನಿಜವೇ. ಕೈಪಿಡಿ ತೋರಿಸೋಣ ಅಂದರೆ ಅದು ಕಚೇರಿಯಲ್ಲೇ ಉಳಿದಿತ್ತು. ಹಮಾಲಿಗಳು ನನ್ನ ಮುಖ ನೋಡಿದರು, ನಾನು ನಿಂಗಣ್ಣನ ಮುಖ ನೋಡಿದೆ, ನಿಂಗಣ್ಣ ಸೂರಿನಲ್ಲಿದ್ದ ಪಾರಿವಾಳದ ಮುಖ ನೋಡಿದ.

ಜವರಯ್ಯನೇ ಕೈ ಮುಗಿದು ಮುಂದೆ ಬಂದರು. "ಬುದ್ಧಿ, ಒಂದ್ ಮಾತು. ಆ ಸಿನಿಮಾದಲ್ಲಿ ಕುರ್ಚಿ ಮ್ಯಾಲ್ ಕೂತವ್ರಲ್ಲ, ಅವ್ರೂ ನಿಮ್ಮಂಗೇ ಯಜಮಾನ್ರು. ನಿಮ್ಮಂಗೇ ಬೀಸ್ಕಂತಾವ್ರೆ. ಅವತ್ನಂಗೇ ಜೋರಾಗ್ ಬುಡುಸ್ತೀನಿ. ನೀವು ಅವ್ರ್ ಜೊತೆ ಬೀಸಿ. ನಿಮ್ ಕೈಯಿ ಅವ್ರ್ ಕೈಗೆ ಸಮ ಆದ್ರೆ, ಸೋಮಾರದಿಂದ ನಾವೂ ಓಡ್ತೀವಿ."

ಎಲ್ಲರ ಮುಂದೆ ಬೇಡ ಅನ್ನಲು ಯಜಮಾನರಿಗೆ ಮನಸ್ಸು ಬರಲಿಲ್ಲ. ಬೀಸಣಿಗೆ ತಾನೆ, ಮೂಟೆ ಅಲ್ಲವಲ್ಲ. "ಬುಡ್ರಿ" ಅಂದರು.

ಸ್ವಿಚ್ಚು ತಿರುಗಿಸಿದೆ. ಚೀನಾದ ದಣಿ ಪಟಪಟಪಟ ಬೀಸಿದ. ಮಾದಪ್ಪನವರೂ ಪಟಪಟಪಟ ಬೀಸಿದರು. ಮೊದಲು ಹುರುಪಿನಿಂದಲೇ ಬೀಸಿದರು. ಆಮೇಲೆ ಮುಖ ಕೆಂಪಗಾಯಿತು. ಬೀಸಿದಷ್ಟೂ ಬೆವರು ಹರಿಯಿತು. ಬಲಗೈ ಸೋತು ಎಡಗೈಗೆ ಬದಲಾಯಿಸಿಕೊಂಡರು. ತಾಳೆಗರಿಯ ಒಂದು ಎಸಳು ಕಿತ್ತು ಗೋಡೆಗೆ ಹಾರಿತು. ಪರದೆಯ ದಣಿಗೆ ಮಾತ್ರ ಸುಸ್ತು ಅನ್ನುವ ಪದವೇ ಗೊತ್ತಿರಲಿಲ್ಲ. ಹಮಾಲಿಗಳು ಹೆಗಲಿನ ಗೋಣಿಯನ್ನು ಬಾಯಿಗೆ ತುರುಕಿಕೊಂಡು ನಗು ತಡೆದರು. ನಿಂಗಣ್ಣ ತಡೆಯಲಾರದೆ ವ್ಯಾನು ನೋಡಿ ಬರುತ್ತೇನೆ ಅಂತ ಎದ್ದುಹೋದ.

"ಸಾಕ್ ನಿಲ್ಸ್ರಿ!" ಅಂದರು ಯಜಮಾನರು, ರಟ್ಟೆ ಹಿಡಿದುಕೊಂಡು.

ನಾನು ನಿಲ್ಲಿಸಲಿಲ್ಲ, ಸ್ವಿಚ್ಚನ್ನು ಮತ್ತೆ ತಿರುಗಿಸಿದೆ. ಚೀನಾದ ದಣಿ ನಿಧಾನಕ್ಕೆ ಬಂದ. ಮಾದಪ್ಪನವರು ಏದುಸಿರು ಬಿಡುತ್ತ, ಸೆಖೆ ತಾಳದೆ, ತಮಗೆ ತಾವೇ ಮೆಲ್ಲಗೆ ಬೀಸಿಕೊಳ್ಳಲು ಶುರು ಮಾಡಿದರು. ಪರದೆಯ ಕೈ, ಕುರ್ಚಿಯ ಕೈ, ಎರಡೂ ಒಂದೇ ತಾಳಕ್ಕೆ ಬಿದ್ದವು. ಅದು ಎಲ್ಲರಿಗೂ ಕಾಣಿಸಿತು. ಕೊನೆಗೆ ಅವರಿಗೂ ಕಾಣಿಸಿತು. ಬೀಸಣಿಗೆಯನ್ನು ಕೆಳಗಿಟ್ಟರು.

"ಸರಿ ಬುಡ್ರುಲಾ" ಅಂದರು ಆಮೇಲೆ. "ಮೊದ್ಲಿನಂಗೇ ಒಂದ್ ಲೋಡ್ ಇಳ್ಸಿ. ಜವರಾ, ಸೋಮಾರ ಬಂದ್ಬುಡು. ಬಾಗ್ಲು ತೆಗೀರಿ, ಲಾರಿ ಕಾಯ್ತಾ ಅದೆ."

ಪಿರಿಯಾಪಟ್ಟಣಕ್ಕೆ ನಾವು ಮೂರು ಗಂಟೆ ತಡವಾಗಿ ಹೋದೆವು. ಮಾದಪ್ಪನವರು ಸಾಹೇಬರಿಗೆ ಫೋನು ಮಾಡಿ, ಹೊಗಳಿದರೋ ಬೈದರೋ ಇಂದಿಗೂ ತಿಳಿಯದು, ಅಂತೂ ವಿಷಯ ಮುಟ್ಟಿಸಿದರು. ನನಗೆ ಮೆಮೊ ಬಂತು: ಅನುಮತಿಯಿಲ್ಲದೆ ಮಾರ್ಗ ಬದಲಾವಣೆ, ಸರ್ಕಾರಿ ಟೇಪು ಕತ್ತರಿಸಿದ್ದು. ಪ್ರೊಬೇಷನ್ ಒಂದು ವರ್ಷ ಮುಂದಕ್ಕೆ ಹೋಯಿತು. ಆ ಮೆಮೊ ಇನ್ನೂ ನನ್ನ ಹತ್ತಿರ ಇದೆ. ನನಗೆ ಬಂದ ಕಾಗದಗಳಲ್ಲಿ ಕಾವ್ಯಳಿಗೆ ಹೆಮ್ಮೆಯಿಂದ ತೋರಿಸಿದ್ದು ಅದೊಂದನ್ನೇ.

ಆಮೇಲೆ ವಿ.ಸಿ.ಆರ್. ಬಂತು, ಸಿ.ಡಿ. ಬಂತು, ಈಗ ಎಲ್ಲವೂ ಫೋನಿನಲ್ಲೇ ಇದೆ. ಕಾವ್ಯ ತನ್ನ ಫೋನಿನಲ್ಲಿ ಯಾವುದೋ ಹಳೇ ಬಂದರಿನ ಚಿತ್ರ ತೋರಿಸಿದಳು. ಅಲ್ಲೂ ಎಲ್ಲರೂ ಓಡುತ್ತಿದ್ದರು. "ನಿಧಾನ ಮಾಡಮ್ಮ" ಅಂದೆ. ಅವಳು ಬೆರಳಾಡಿಸಿ ನಿಧಾನ ಮಾಡಿದಳು. ನನಗೆ ಒಬ್ಬನ ಕಾಲು ಕಂಡಿತು, ಅವಳಿಗೆ ಕಾಣಲಿಲ್ಲ. ಮುಂದೆ ಕಾಣುತ್ತದೆ, ಇನ್ನೂ ಹೊಸಬಳು. ನೀವು ಯಾವುದೇ ಯಂತ್ರ ಹಿಡಿಯಿರಿ, ಹಿಂದಿನವರು ಟೇಪು ಅಂಟಿಸಿ ಹೋದ ಜಾಗವನ್ನು ಮೊದಲ ದಿನವೇ ಬಿಚ್ಚಿ ನೋಡಿ. ನಿಮ್ಮ ಒಂದು ಗುಂಡಿಯಿಂದ ಎಲ್ಲೋ ಒಬ್ಬರು ಓಡಬೇಕಾಗುತ್ತದೆ.

ಒಂದು ಸಂಗತಿ ಹೇಳದೆ ಬಿಟ್ಟಿದ್ದೇನೆ. ಅಂದು ಗೋಡೌನಿನಲ್ಲಿ ಎಲ್ಲರೂ ಲಾರಿಯ ಕಡೆ ಹೋದ ಮೇಲೆ, ನಾನು ರೀಲು ಸುತ್ತಿ ಡಬ್ಬಿಗೆ ಹಾಕುತ್ತಿದ್ದಾಗ ಜವರಯ್ಯ ಹಿಂದಿರುಗಿ ಬಂದರು.

"ಇಳ್ಸುದ್ನಾ ಸ್ವಾಮಿ?"

"ಯಾರು?"

"ಅವ್ನೇ, ಮಂಡಿ ನೋವ್ನವ್ನು. ಹಲಗೆ ಮಧ್ಯುಕ್ ಬಂದಿದ್ದ, ಅಷ್ಟ್ರಲ್ಲಿ ಬೆಳ್ಳುಗಾಗೋಯ್ತು."

ಆ ರೀಲು ಮುಗಿಯುವುದೇ ಅಲ್ಲಿ. ಮೂರನೆಯವನು ಎರಡನೇ ಸರದಿಯ ಮೂಟೆ ಹೊತ್ತು ಹಲಗೆಯ ನಡುವೆ ಇರುವಾಗ ಚಿತ್ರ ತುಂಡಾಗಿದೆ. ಮುಂದಿನ ರೀಲು ಎಂಬುದು ಇಲ್ಲ.

"ಇಳಿಸಿದ ಜವರಯ್ಯ" ಎಂದೆ. "ಮುಂದಿನ ರೀಲಿನಲ್ಲಿದೆ. ಇಳಿಸಿ, ನೆರಳಲ್ಲಿ ಕೂತು, ಕಾಲು ಚಾಚಿಕೊಂಡು ಬೀಡಿ ಸೇದುತ್ತಾನೆ."

"ಅಂಗಾದ್ರೆ ಸರಿ ಬುಡಿ" ಅಂದರು. ಬಾಗಿಲ ಹತ್ತಿರ ಹೋಗಿ ಗೋಣಿಯನ್ನು ತಲೆಯ ಮೇಲೆ ಎಳೆದುಕೊಂಡರು. ಲಾರಿಯವನು ಬೆನ್ನಿಗೆ ಮೂಟೆ ಕೊಟ್ಟ. ಜವರಯ್ಯ ಲಾರಿಯಿಂದ ಬಾಗಿಲಿಗೆ ಹಾಕಿದ್ದ ಹಲಗೆಯ ಮೇಲೆ ಎಡಗಾಲನ್ನು ಅಡ್ಡಡ್ಡ ಇಟ್ಟು, ಅದು ತೂಗುವುದು ನಿಲ್ಲುವವರೆಗೂ ಕಾದು, ಯಾವ ಅವಸರವೂ ಇಲ್ಲದೆ ಮುಂದಿನ ಹೆಜ್ಜೆ ಇಟ್ಟರು.